ಅಗ್ಗಿಷ್ಟಿಕೆ ಒಳಗೆ ಬಂದ ದಿನ

ನಮ್ಮ ಮನೆಯಲ್ಲಿ ಎರಡು ಒಲೆಗಳಿದ್ದವು. ಒಂದು ಅಡುಗೆಮನೆಯ ಸೌದೆ ಒಲೆ, ಇನ್ನೊಂದು ಹಿತ್ತಲ ಜಗಲಿಯ ಮೇಲಿನ ಇದ್ದಿಲಿನ ಅಗ್ಗಿಷ್ಟಿಕೆ. ಸೌದೆ ಒಲೆಯನ್ನು ಹಬ್ಬದ ದಿನ ಸಾರಿಸಿ, ರಂಗೋಲಿ ಎಳೆದು, ಅರಿಶಿನ ಕುಂಕುಮ ಇಡುತ್ತಿದ್ದೆವು. ಅಗ್ಗಿಷ್ಟಿಕೆಗೆ ಅಂಥ ಮರ್ಯಾದೆ ಏನೂ ಇರಲಿಲ್ಲ. ಅದು ತಳ ಹೋದ ಹಳೆಯ ಬಕೆಟ್ಟು. ಒಳಗೆಲ್ಲ ಜೇಡಿಮಣ್ಣು ಮೆತ್ತಿ, ನಡುವೆ ಕಬ್ಬಿಣದ ಸರಳು ಕೂರಿಸಿ, ಕೆಳಗೆ ಗಾಳಿಯಾಡಲು ಒಂದು ಕಿಂಡಿ ಕೊರೆದಿದ್ದರು. ಎತ್ತಲು ದಪ್ಪ ತಂತಿಯ ಹಿಡಿಕೆ. ಯಶವಂತಪುರದ ನಮ್ಮ ಬೀದಿಯಲ್ಲಿ ಆಗ ಇಂಥದ್ದೊಂದು ಇಲ್ಲದ ಮನೆ ಇರಲಿಲ್ಲ. ಆದರೆ ನಮ್ಮದಕ್ಕೆ ಮಾತ್ರ ಒಂದು ಕಟ್ಟಪ್ಪಣೆ ಇತ್ತು. ಅದು ಹೊಸ್ತಿಲು ದಾಟಿ ಒಳಗೆ ಬರುವಂತಿಲ್ಲ. ಮಳೆ ಬರಲಿ, ಚಳಿ ಹೊಡೆಯಲಿ, ಅದರ ಮೇಲಿನ ಅಡುಗೆ ಬಯಲಲ್ಲೇ ಆಗಬೇಕು.

ಅಪ್ಪಣೆ ಅಜ್ಜಿಯದು, ಅಪ್ಪನ ತಾಯಿಯದು. ಕೊಡಿಗೇಹಳ್ಳಿಯಲ್ಲಿ ಬಾಳಿದವಳು. ತಾತ ಹೋದ ಮೇಲೆ ಒಂದು ಟ್ರಂಕು, ಒಂದು ಕಂಬಳಿ ಹಿಡಿದು ನಮ್ಮ ಮನೆಗೆ ಬಂದಳು. ಬಂದ ದಿನವೇ ಅಮ್ಮ ಅಗ್ಗಿಷ್ಟಿಕೆಯನ್ನು ನಡುಮನೆಗೆ ತಂದು ಕಾಫಿಗೆ ನೀರಿಟ್ಟಿದ್ದಳು. ಅಜ್ಜಿ ಚಪ್ಪಲಿ ಕೂಡ ಬಿಡದೆ ಒಳಗೆ ನುಗ್ಗಿ, ಅದನ್ನು ಎತ್ತಿಕೊಂಡು ಹೋಗಿ ಹಿತ್ತಲಲ್ಲಿ ಇಟ್ಟಳು. ಅತ್ತೆ ಬಂದ ಗಳಿಗೆಯಲ್ಲೇ ಅಧಿಕಾರ ಚಲಾಯಿಸಿದಳು ಎಂದು ಅಮ್ಮ ಎರಡು ದಿನ ಮುಖ ಊದಿಸಿಕೊಂಡಿದ್ದಳು. ಆಮೇಲೆ ಅದೇ ರೂಢಿಯಾಯಿತು.

ಹಾಗೆ ನೋಡಿದರೆ ನಮ್ಮ ಬಾಯಿಗೆ ರುಚಿಯಾದದ್ದೆಲ್ಲ ಆದದ್ದು ಆ ಹಿತ್ತಲಲ್ಲೇ. ಗಂಟೆ ಐದಾಯಿತೆಂದರೆ ಬೀದಿಯ ಅಷ್ಟೂ ಹಿತ್ತಲುಗಳಲ್ಲಿ ರಟ್ಟಿನ ಬೀಸಣಿಗೆಯ ಸದ್ದು. ತೆಂಗಿನ ನಾರಿಗೆ ಒಂದಿಷ್ಟು ಸೀಮೆಎಣ್ಣೆ ಚಿಮುಕಿಸಿ, ಇದ್ದಿಲು ಜೋಡಿಸಿ, ಕಿಂಡಿಗೆ ಬೀಸುತ್ತಾ ಕೂತರೆ ಮೊದಲು ಚಟಚಟ ಕಿಡಿ ಹಾರುತ್ತಿತ್ತು, ಆಮೇಲೆ ಅಂಚು ಕೆಂಪಾಗುತ್ತಿತ್ತು. ಬದನೆಕಾಯಿ ಸುಡುವುದು, ಗೆಣಸು ಬೂದಿಯಲ್ಲಿ ಹೂಳುವುದು, ಮುಸುಕಿನ ಜೋಳ ತಿರುಗಿಸುವುದು, ಹಪ್ಪಳ ಕೆಂಡದ ಮೇಲೆ ಹಿಡಿಯುವುದು ಎಲ್ಲ ಅಲ್ಲೇ. ಬಾಡಿನ ಸಾರಂತೂ ಹಿತ್ತಲಲ್ಲೇ ಬೇಯಬೇಕು. ಪಕ್ಕದ ಸಾಬರ ಮನೆಯವರು ಹಬ್ಬದ ದಿನ ಸರಳಿಗೆ ಮಾಂಸ ಚುಚ್ಚಿ ಕೆಂಡದ ಮೇಲೆ ತಿರುಗಿಸುತ್ತಿದ್ದರೆ ನಾನು ಗೋಡೆಯ ಮೇಲೆ ಗದ್ದ ಊರಿ ನಿಲ್ಲುತ್ತಿದ್ದೆ. ನಾಚಿಕೆ ಮಾನ ಇಲ್ಲ ಎಂದು ಅಮ್ಮ ಬೈಯುತ್ತಿದ್ದಳು, ತಟ್ಟೆ ಬಂದಾಗ ಮೊದಲು ಕೈ ಹಾಕುತ್ತಿದ್ದವಳೂ ಅವಳೇ.

ಇದ್ದಿಲು ಬರುತ್ತಿದ್ದದ್ದು ತುಮಕೂರು ಕಡೆಯಿಂದ. ಗೊರಗುಂಟೆಪಾಳ್ಯದ ದಾರಿಯಲ್ಲಿ ಎತ್ತಿನಗಾಡಿಗಳು ಸಾಲಾಗಿ ಬರುತ್ತಿದ್ದವು. ಚೀಲದ ಜೊತೆಗೆ ಗಾಡಿ ಹೊಡೆಯುವವರ ಮುಖವೂ ಕಪ್ಪು, ಎತ್ತಿನ ಬೆನ್ನೂ ಕಪ್ಪು. ದೂರದ ಇದ್ದಿಲು ರೈಲಿನಲ್ಲಿ ಬರುತ್ತಿತ್ತು. ಅಪ್ಪ ಗೂಡ್ಸ್ ಶೆಡ್ಡಿನಲ್ಲಿ ಮೇಸ್ತ್ರಿಯಾಗಿದ್ದ. ವ್ಯಾಗನ್ನಿನ ತಳದಲ್ಲಿ ಉಳಿದ ಪುಡಿಯನ್ನು ಗೋಣಿಯಲ್ಲಿ ತುಂಬಿ ತರುತ್ತಿದ್ದ. ಅದಕ್ಕೆ ಸಗಣಿ, ಜೇಡಿಮಣ್ಣು ಕಲಸಿ ಉಂಡೆ ಕಟ್ಟಿ ಬಿಸಿಲಿಗೆ ಇಡುವುದು ನನ್ನ ಕೆಲಸ. ಶಾಲೆಯಲ್ಲಿ ನನ್ನ ಉಗುರು ನೋಡಿ ಮೇಷ್ಟ್ರು ಅಂಗೈ ಮೇಲೆ ಏಟು ಕೊಟ್ಟದ್ದು ನೆನಪಿದೆ. ಆ ಸಿಟ್ಟು ಇವತ್ತಿಗೂ ಪೂರ್ತಿ ಇಳಿದಿಲ್ಲ.

ಇದ್ದಿಲು ಹುಟ್ಟುವುದನ್ನು ಮಾತ್ರ ನಾನು ಕೊಡಿಗೇಹಳ್ಳಿಯಲ್ಲಿ ಕಣ್ಣಾರೆ ಕಂಡಿದ್ದೆ. ತಾತ ಬದುಕಿದ್ದಾಗ, ನನಗೆ ಏಳೆಂಟು ವರ್ಷ ಇರಬೇಕು. ಕೆರೆಯ ಹಿಂದಿನ ಜಾಲಿ ಮರಗಳನ್ನು ಕಡಿದು, ತುಂಡು ಮಾಡಿ, ಗುಡ್ಡೆಯಾಗಿ ನಿಲ್ಲಿಸಿ, ಮೇಲೆ ಹುಲ್ಲು ಹೊದಿಸಿ, ಹುಲ್ಲಿನ ಮೇಲೆ ಹಸಿಮಣ್ಣು ಬಳಿಯುತ್ತಿದ್ದರು. ಒಳಗೆ ಬೆಂಕಿ ಹಾಕಿ, ಬೆರಳು ಹೋಗುವಷ್ಟು ಒಂದೆರಡು ತೂತು ಬಿಟ್ಟು ಮುಚ್ಚಿಬಿಡುತ್ತಿದ್ದರು. ಆಮೇಲೆ ಐದಾರು ದಿನ ಕಾವಲು. ಎಲ್ಲಾದರೂ ಬಿರುಕು ಬಿಟ್ಟು ಗಾಳಿ ಹೊಕ್ಕರೆ ಒಳಗಿರುವುದೆಲ್ಲ ಧಗ್ಗೆಂದು ಹತ್ತಿ ಬೂದಿಯಾಗುತ್ತದೆ. ಹಾಗಾಗಿ ತಾತ ಆಗಾಗ ಗುಡ್ಡೆಯ ಮೇಲೆ ಕಿವಿ ಇಟ್ಟು ಆಲಿಸುತ್ತಿದ್ದ. ನನ್ನನ್ನೂ ಒಮ್ಮೆ ಎತ್ತಿ ಹಿಡಿದು ಕೇಳಿಸಿದ್ದ. ಬೆಚ್ಚಗಿನ ಮಣ್ಣಿನ ಹಿಂದೆ, ತುಂಬಾ ಆಳದಲ್ಲಿ, ಯಾರೋ ನಿದ್ದೆಯಲ್ಲಿ ಮಗ್ಗುಲು ಬದಲಿಸುವಂಥ ಸದ್ದು. ನಾನು ಹೆದರಿ ಚೀರಿದೆ, ತಾತ ನಕ್ಕ.

ಗುಡ್ಡೆ ಬಿಚ್ಚಿದ ದಿನ ಇನ್ನೂ ವಿಚಿತ್ರ. ಸುಟ್ಟರೆ ಮರ ಬೂದಿಯಾಗುತ್ತದೆ ಅಂದುಕೊಂಡಿದ್ದೆ. ಆದರೆ ಮರ ಮರವಾಗಿಯೇ ಇತ್ತು. ಗಂಟುಗಳು, ತೊಗಟೆಯ ಗೀರುಗಳು, ಮುಳ್ಳು ಕಿತ್ತ ಗುರುತುಗಳು, ಒಂದು ಕೊಂಬೆಯ ಸಂದಿಯಲ್ಲಿ ಹುಳ ಕೊರೆದ ಓಣಿ ಕೂಡ ಹಾಗೇ. ಎಲ್ಲ ಕಪ್ಪು, ಎತ್ತಿದರೆ ಹಗುರ, ಒಂದಕ್ಕೊಂದು ತಾಗಿದರೆ ಗಾಜಿನ ಸದ್ದು. ತಾತನ ಹಿಂದೆ ನಿಂತಿದ್ದ ಅಜ್ಜಿ ಅದನ್ನು ಮುಟ್ಟಲಿಲ್ಲ. ಆ ಊರಿನಲ್ಲಿದ್ದಷ್ಟು ಕಾಲ ಅವಳು ಮುಟ್ಟುತ್ತಿರಲಿಲ್ಲವಂತೆ. ಗಂಡ ಇದ್ದಿಲು ಸುಡುವವನು, ಹೆಂಡತಿ ಇದ್ದಿಲು ಕಂಡರೆ ಸಿಡುಕುವವಳು. ಊರಿನವರಿಗೆ ಇದೊಂದು ತಮಾಷೆಯಾಗಿತ್ತು. ಯುದ್ಧದ ಕಾಲದಲ್ಲಿ ಪೆಟ್ರೋಲು ಸಿಗದೆ ಇದ್ದಿಲಿನ ಗ್ಯಾಸಿನಿಂದ ಬಸ್ಸು ಓಡುತ್ತಿತ್ತಲ್ಲ, ಆ ಬಸ್ಸನ್ನೂ ಅಜ್ಜಿ ಹತ್ತುತ್ತಿರಲಿಲ್ಲ. ಯಲಹಂಕದಿಂದ ಊರಿಗೆ ನಡೆದೇ ಹೋಗುತ್ತಿದ್ದಳಂತೆ.

ನಾನು ದೊಡ್ಡವಳಾದ ಮೇಲೆ ಒಮ್ಮೆ ಕೆಣಕಿ ಕೇಳಿದೆ, ಇದೇನಜ್ಜಿ ನಿನ್ನ ಮಡಿ ಎಂದು. ಅವಳು ಜೋಳ ತಿರುಗಿಸುತ್ತಾ ಹೇಳಿದಳು.

"ಬೆಂಕಿ ಅಂದ್ರೆ ಉಸ್ರಾಡ್ಬೇಕು ಕಣಮ್ಮಿ. ಸೌದೆ ಉರೀತಾ ಹೊಗೆ ಬಿಡ್ತದೆ, ಕಣ್ಣು ಉರಿಸ್ತದೆ, ನಾನಿಲ್ಲಿ ಇವ್ನಿ ಅಂತ ಕೂಗಿ ಹೇಳ್ತದೆ. ಇಜ್ಜಲು ಅಂಗಲ್ಲ. ಅದನ್ನ ಮಣ್ಣಲ್ಲಿ ಮುಚ್ಚಿ, ಉಸ್ರು ಕಟ್ಸಿ ಸುಟ್ಟಿರ್ತೀವಿ. ಅದು ಉಸ್ರಿಗೇ ಕಾಯ್ತಾ ಇರ್ತದೆ. ಬಾಗ್ಲು ಮುಚ್ಚಿರೋ ಮನೆ ಸಿಕ್ರೆ ಅಲ್ಲಿರೋದನ್ನೆಲ್ಲ ಎಳ್ಕತದೆ. ಸದ್ದೇ ಮಾಡಕಿಲ್ಲ."

ನಾನು ನಕ್ಕುಬಿಟ್ಟೆ. ಆಗ ನಾನು ಎಸ್ಸೆಸ್ಸೆಲ್ಸಿ ಮುಗಿಸಿ, ಟೀಚರ್ ಟ್ರೇನಿಂಗಿಗೆ ಅರ್ಜಿ ಹಾಕಿ ಕೂತಿದ್ದ ಹುಡುಗಿ. ಎರಡು ಜಡೆ, ಒಂದು ಫೌಂಟನ್ ಪೆನ್ನು, ಮೈ ತುಂಬ ಜಂಬ. ಉರಿಯುವ ಮೇಣದಬತ್ತಿಯ ಮೇಲೆ ಗಾಜಿನ ಲೋಟ ಕವುಚಿ, ಅದು ನಂದಿಹೋಗುವುದನ್ನು ಇಡೀ ತರಗತಿಗೆ ಮಾಡಿ ತೋರಿಸಿ ಚಪ್ಪಾಳೆ ಗಿಟ್ಟಿಸಿದವಳು. ಅಜ್ಜಿ ಹೇಳುತ್ತಿದ್ದದ್ದೂ ಅದನ್ನೇ ಎಂದು ನನ್ನ ತಲೆಗೆ ಹೊಳೆಯಲಿಲ್ಲ. ಪುಸ್ತಕದಲ್ಲಿದ್ದದ್ದು ವಿಜ್ಞಾನ, ಅಜ್ಜಿಯ ಬಾಯಲ್ಲಿ ಬಂದದ್ದು ಮೂಢನಂಬಿಕೆ. ಅಷ್ಟೇ ನನ್ನ ಲೆಕ್ಕಾಚಾರ.

ಅರವತ್ತರ ದಶಕದ ಶುರುವಿನಲ್ಲಿ ಅಪ್ಪ ಮನೆಗೆ ಒಂದು ಹೊಸ ಕೋಣೆ ಸೇರಿಸಿದ. ಹಳೆಯ ಮನೆಗೆ ನಾಡಹೆಂಚು, ಸಂದಿಯಲ್ಲಿ ಗುಬ್ಬಿ ಬರುತ್ತಿತ್ತು, ಬೆಳಕು ಬರುತ್ತಿತ್ತು, ಮಳೆಯೂ ಬರುತ್ತಿತ್ತು. ಹೊಸ ಕೋಣೆಗೆ ಆರ್‌ಸಿಸಿ ಮೋಲ್ಡು, ಸಿಮೆಂಟು ನೆಲ, ಬಿಗಿಯಾಗಿ ಕೂರುವ ಒಂದು ಕಿಟಕಿ, ಒಂದು ಬಾಗಿಲು. ಬೀದಿಯವರೆಲ್ಲ ಬಂದು ಗೋಡೆ ತಟ್ಟಿ ನೋಡಿ ಹೋದರು. ಅಜ್ಜಿ ಮಾತ್ರ ಹೊಸ್ತಿಲಲ್ಲಿ ನಿಂತು, "ಇದಕ್ಕೆ ಉಸ್ರೇ ಇಲ್ವಲ್ಲಪ್ಪ," ಅಂದಳು. ಅಪ್ಪನಿಗೆ ಬೇಜಾರಾಯಿತು.

ಆ ಕೋಣೆಯ ಮೊದಲ ವಾಸ ನನ್ನ ಅಕ್ಕನದು. ಮಾರ್ಗಶಿರದಲ್ಲಿ ಅವಳಿಗೆ ಹೆರಿಗೆಯಾಗಿ, ಹೆಣ್ಣುಮಗುವಿನೊಂದಿಗೆ ಅಲ್ಲಿ ಬಾಣಂತನಕ್ಕೆ ಮಲಗಿದಳು. ಬಾಣಂತಿಯ ಕೋಣೆ ಹೇಗಿರುತ್ತಿತ್ತೆಂದು ಹಳಬರಿಗೆ ಹೇಳಬೇಕಿಲ್ಲ. ಕಿಟಕಿಗೆ ಕಂಬಳಿ, ಅಕ್ಕನ ಕಿವಿಗೆ ಹತ್ತಿ, ತಲೆಗೆ ಸ್ಕಾರ್ಫು, ಮಗುವಿಗೆ ಕುಲಾವಿ, ಹಗಲಲ್ಲೂ ಬುಡ್ಡಿದೀಪದಷ್ಟೇ ಬೆಳಕು. ಬೇರೆ ಮನೆಗಳಲ್ಲಿ ಬಾಣಂತಿಯ ಮಂಚದ ಕೆಳಗೆ ಕೆಂಡ ಇಡುತ್ತಿದ್ದರು. ನಮ್ಮಲ್ಲಿ ಅಜ್ಜಿ ಬಿಡಲಿಲ್ಲ. ಧೂಪಕ್ಕೆ ಬೇಕಾದ ನಾಲ್ಕು ಕೆಂಡವನ್ನು ಸೌಟಿನಲ್ಲಿ ತಂದು, ಬಾಗಿಲು ಹಾರುಹೊಡೆದು, ಸಾಂಬ್ರಾಣಿ ಹಾಕಿ, ಮಗುವಿಗೆ ತೋರಿಸಿ, ಅದೇ ಕೈಯಲ್ಲಿ ಹೊರಗೆ ಒಯ್ಯುತ್ತಿದ್ದಳು. ದಿನಾ ಬೆಳಿಗ್ಗೆ ಒಬ್ಬ ಹೆಂಗಸು ಬಂದು ಕಾಲು ಚಾಚಿ ಕೂತು, ಮಗುವನ್ನು ಕಾಲ ಮೇಲೆ ಮಲಗಿಸಿಕೊಂಡು ನೀರು ಹಾಕಿ ಹೋಗುತ್ತಿದ್ದಳು. ಅವಳು ಕೂಡ ಗೊಣಗುತ್ತಿದ್ದಳು, ಇದೆಂಥಾ ಬಾಣಂತನ ಕಣ್ರೀ, ಬೆಚ್ಚಗೇ ಇಲ್ಲ ಅಂತ.

ಆ ದಿನ ಬೆಳಿಗ್ಗೆಯಿಂದ ಜಡಿಮಳೆ ಹಿಡಿದಿತ್ತು. ಅಜ್ಜಿ ಬಾಣಂತಿಗೆ ನಾಟಿ ಹಸುವಿನ ತುಪ್ಪ ತರುತ್ತೇನೆಂದು ಹಿಂದಿನ ದಿನವೇ ಕೊಡಿಗೇಹಳ್ಳಿಗೆ ಹೋಗಿದ್ದಳು. ಅಪ್ಪ ಕೆಲಸದಲ್ಲಿದ್ದ. ಊಟವಾದ ಮೇಲೆ ಅಮ್ಮ ಔಷಧಿ ಅಂಗಡಿಗೆ ಹೊರಟಳು. ಅವಳು ಹೋಗಿ ಸ್ವಲ್ಪ ಹೊತ್ತಿಗೆ ಅಕ್ಕ ಕರೆದಳು.

"ಚಳಿ ಆಗ್ತಿದೆ ಕಣೆ. ನಡುಕ ನಿಲ್ತಾನೇ ಇಲ್ಲ. ಮಗೂ ಕಾಲೂ ತಣ್ಣಗಾಗಿದೆ, ಮುಟ್ಟಿ ನೋಡು."

ಮುಟ್ಟಿ ನೋಡಿದೆ. ನಿಜವಾಗಿಯೂ ತಣ್ಣಗಿತ್ತು. ಹಿತ್ತಲ ಜಗಲಿಯ ಸೂರಿನಡಿ ಅಗ್ಗಿಷ್ಟಿಕೆ ಮಧ್ಯಾಹ್ನದ ಅಡುಗೆಯ ಕೆಂಡ ತುಂಬಿಕೊಂಡು ಸುಮ್ಮನೆ ಕೂತಿತ್ತು. ಹೊಗೆ ಇರಲಿಲ್ಲ, ಮೇಲೆ ತೆಳ್ಳಗೆ ಬಿಳಿ ಬೂದಿ. ಅಜ್ಜಿಯ ಮಾತು ನೆನಪಾಗಲಿಲ್ಲ ಎಂದು ಹೇಳಿದರೆ ಸುಳ್ಳಾಗುತ್ತದೆ. ನೆನಪಾಯಿತು, ನೆನಪಾದದ್ದಕ್ಕೇ ಹಟ ಬಂತು. ಒಂದು ಮುದುಕಿಯ ಭ್ರಮೆಗೆ ಹಸುಗೂಸು ಚಳಿಯಲ್ಲಿ ನಡುಗಬೇಕೇ ಎಂದು ಬಟ್ಟೆ ಸುತ್ತಿದ ಕೈಯಲ್ಲಿ ಅದನ್ನು ಎತ್ತಿಕೊಂಡು ಹೊಸ್ತಿಲು ದಾಟಿದೆ. ಮಂಚದ ಪಕ್ಕ ಇಟ್ಟೆ. ಶೀತಗಾಳಿ ನುಸುಳದಿರಲೆಂದು ಬಾಗಿಲು ಮುಚ್ಚಿ, ಬುಡಕ್ಕೆ ಒಂದು ಗೋಣಿಯನ್ನೂ ತುರುಕಿದೆ. ಕೆಲಸ ಮಾಡಿದರೆ ಅಚ್ಚುಕಟ್ಟಾಗಿ ಮಾಡುವವಳು ನಾನು.

ಕೋಣೆ ಬೇಗ ಬೆಚ್ಚಗಾಯಿತು. ಮನೆಯ ಬೆಕ್ಕು ಅಗ್ಗಿಷ್ಟಿಕೆಯ ಪಕ್ಕದಲ್ಲೇ ಸುರುಳಿ ಸುತ್ತಿಕೊಂಡಿತು. ಮಗು ಅಳು ನಿಲ್ಲಿಸಿತು. ಅಕ್ಕನ ಬಿಳಿಚಿದ ಮುಖಕ್ಕೆ ಬಣ್ಣ ಬಂತು. ಕೆನ್ನೆಗಳೆಲ್ಲ ಕೆಂಪು ಕೆಂಪು, ಮದುವೆಯ ದಿನ ಕೂಡ ಅಷ್ಟು ಕಳೆ ಇರಲಿಲ್ಲ. ನನಗೆ ಹೆಮ್ಮೆಯಾಯಿತು. ಅಜ್ಜಿ ಬಂದು ನೋಡಲಿ ಎಂದು ಅಂದುಕೊಂಡೆ. ನೆಲದ ಮೇಲೆ ಕೂತು, ಗೋಡೆಗೆ ಒರಗಿ, ಪುಸ್ತಕ ತೆರೆದೆ.

ಒಂದೇ ಸಾಲನ್ನು ಮತ್ತೆ ಮತ್ತೆ ಓದುತ್ತಿದ್ದೇನೆ ಎಂದು ಗೊತ್ತಾಗುವ ಹೊತ್ತಿಗೆ ಹಣೆ ಸಿಡಿಯುತ್ತಿತ್ತು. ಕಿವಿಯಲ್ಲಿ ಒಂದು ಸದ್ದು. ಮಣ್ಣಿನ ಗುಡ್ಡೆಗೆ ಕಿವಿ ಇಟ್ಟಾಗ ಕೇಳಿದ್ದ ಅದೇ ಸದ್ದು, ಯಾರೋ ಮಗ್ಗುಲು ಬದಲಿಸುವುದು. ತಲೆ ಎತ್ತಿದೆ. ಮಂಚದ ಆಚೆಯ ಮೂಲೆಯಲ್ಲಿ ಒಬ್ಬ ಹೆಂಗಸು ಕೂತಿದ್ದಳು.

ನಮಗೆ ಬೆನ್ನು ಹಾಕಿ ಗೋಡೆಯ ಕಡೆ ಮುಖ ಮಾಡಿದ್ದಳು. ತಲೆಯ ಮೇಲೆ ಸೆರಗು, ಎರಡು ಕಾಲೂ ಚಾಚಿದ್ದವು. ಮೈ ಹಿಂದಕ್ಕೂ ಮುಂದಕ್ಕೂ ನಿಧಾನವಾಗಿ ತೂಗುತ್ತಿತ್ತು, ಕಾಲ ಮೇಲೆ ಮಗು ಹಾಕಿಕೊಂಡವರು ತೂಗುತ್ತಾರಲ್ಲ, ಹಾಗೆ. ನೀರು ಹಾಕುವವಳು ಈ ಹೊತ್ತಿನಲ್ಲಿ ಯಾಕೆ ಬಂದಳು ಎಂದುಕೊಂಡೆ. ಬಾಗಿಲ ಕಡೆ ನೋಡಿದೆ. ಬುಡದ ಗೋಣಿ ನಾನು ತುರುಕಿದ ಹಾಗೇ ಇತ್ತು. ಆಗಲೂ ಹೆದರಿಕೆಯಾಗಲಿಲ್ಲ. ಅದೇ ಎಲ್ಲಕ್ಕಿಂತ ಭಯಂಕರವಾದದ್ದು, ಒಂದಿಷ್ಟೂ ಹೆದರಿಕೆಯಾಗಲಿಲ್ಲ. ಯಾರೋ ದೊಡ್ಡವರು ಬಂದು ಕೂತಿದ್ದಾರೆ, ಇನ್ನು ನಾನು ಎದ್ದಿರಬೇಕಾಗಿಲ್ಲ ಎಂಬ ನಿಶ್ಚಿಂತೆ. ಪುಸ್ತಕ ತೊಡೆಯಿಂದ ಜಾರಿದ್ದು ಗೊತ್ತಾಯಿತು. ಎತ್ತಿಕೊಳ್ಳಲು ಕೈ ಏಳಲಿಲ್ಲ, ಏಳಲಿ ಎಂದು ನಾನು ಬಯಸಲೂ ಇಲ್ಲ.

ಮುಂದಿನದು ನನಗೆ ಅಮ್ಮ ಹೇಳಿದ್ದು. ಅವಳು ಅಂಗಡಿಯಿಂದ ಬರುವಾಗ ತುಪ್ಪದ ಗಡಿಗೆ ಹಿಡಿದ ಅಜ್ಜಿ ಬೀದಿಯ ತಿರುವಿನಲ್ಲಿ ಸಿಕ್ಕಳಂತೆ. ಇಬ್ಬರೂ ಹಿತ್ತಲ ಕಡೆಯಿಂದ ಬಂದರು. ಅಜ್ಜಿ ಜಗಲಿ ನೋಡಿದಳು. ಅಗ್ಗಿಷ್ಟಿಕೆ ಕೂರುವ ಜಾಗದಲ್ಲಿ ದುಂಡಗಿನ ಕಪ್ಪು ಗುರುತು ಮಾತ್ರ ಇತ್ತು. ಗಡಿಗೆ ಕೈಯಿಂದ ಬಿತ್ತು. ಅಷ್ಟು ವಯಸ್ಸಿನ ಹೆಂಗಸು ಹಾಗೆ ಓಡಿದ್ದನ್ನು ಅಮ್ಮ ಯಾವತ್ತೂ ನೋಡಿರಲಿಲ್ಲವಂತೆ. ಭುಜ ಕೊಟ್ಟು ಬಾಗಿಲು ನೂಕಿ, ಬರಿಗೈಯಲ್ಲಿ ಆ ಕಾದ ತಂತಿಯನ್ನು ಹಿಡಿದು, ಅಗ್ಗಿಷ್ಟಿಕೆಯನ್ನು ಹಿತ್ತಲಿಗೆ ಎಸೆದಳು. ಆಮೇಲೆ ಮಗು. ಆಮೇಲೆ ಅಮ್ಮನ ಜೊತೆ ಸೇರಿ ಅಕ್ಕನನ್ನು, ನನ್ನನ್ನು ಎಳೆದು ಹೊರಗೆ ಹಾಕಿದರು.

ಎಚ್ಚರವಾದಾಗ ಮುಖದ ಮೇಲೆ ತುಂತುರು ಬೀಳುತ್ತಿತ್ತು. ಪಕ್ಕದಲ್ಲಿ ಅಕ್ಕ ವಾಂತಿ ಮಾಡುತ್ತಿದ್ದಳು. ಅಜ್ಜಿ ಮಗುವನ್ನು ತಲೆಕೆಳಗಾಗಿ ಹಿಡಿದು ಅಂಗಾಲಿಗೆ ಹೊಡೆಯುತ್ತಿದ್ದಳು. ಮಗು ಗೊಂಬೆಯ ಹಾಗೆ ತೂಗಾಡುತ್ತಿತ್ತು. ಮತ್ತೆ ಹೊಡೆದಳು, ಮತ್ತೆ ಹೊಡೆದಳು. ನಾನು ಕೊಂದುಬಿಟ್ಟೆ ಎಂದು ನನಗೆ ಸ್ಪಷ್ಟವಾಗಿ ಗೊತ್ತಾಯಿತು. ಆ ಗಳಿಗೆಯನ್ನು ನನ್ನ ಶತ್ರುವಿಗೂ ಬಯಸಲಾರೆ. ಆಮೇಲೆ ಒಂದು ಸಣ್ಣ ಕೆಮ್ಮು ಬಂತು, ಕೆಮ್ಮಿನ ಹಿಂದೆ ಅಳು ಬಂತು. ಅಜ್ಜಿ ಹಾಗೇ ಕೆಸರಿನಲ್ಲಿ ಕುಸಿದು ಕೂತಳು.

ನನ್ನ ನಾಲಿಗೆ ಇನ್ನೂ ತೊದಲುತ್ತಿತ್ತು. "ಅವಳ್ನೂ ಕರ್ಕೊಂಡ್ ಬಾ ಅಜ್ಜಿ," ಅಂದೆ.

"ಯಾರ್ನ?"

"ಒಳಗೆ ಮೂಲೇಲಿ ಕೂತಿದಾಳಲ್ಲ, ನೀರು ಹಾಕೋಳು."

ಅಜ್ಜಿ ನನ್ನ ಮುಖವನ್ನೇ ನೋಡಿದಳು. ಅಮ್ಮ ಒಳಗೆ ಹೋಗಿ ನೋಡಿ ಬಂದು, ಯಾರೂ ಇಲ್ಲ, ಬೆಕ್ಕು ಮಾತ್ರ ಸತ್ತುಬಿದ್ದಿದೆ ಎಂದಳು. ನೀರು ಹಾಕುವವಳು ಆ ಮಧ್ಯಾಹ್ನ ನಮ್ಮ ಬೀದಿಗೇ ಬಂದಿರಲಿಲ್ಲ.

ಡಾಕ್ಟರು ಬಂದರು. ಇದ್ದಿಲಿನಿಂದ ವಾಸನೆಯೇ ಇಲ್ಲದ ವಿಷಗಾಳಿ ಬರುತ್ತದೆ, ಅದು ರಕ್ತ ಸೇರಿದರೆ ಮುಖ ಕೆಂಪಾಗುತ್ತದೆ, ಇಲ್ಲದ್ದೆಲ್ಲ ಕಾಣಿಸುತ್ತದೆ, ಇನ್ನೊಂದು ಸ್ವಲ್ಪ ಹೊತ್ತಾಗಿದ್ದರೆ ಮೂರು ಹೆಣ ಎತ್ತಬೇಕಾಗಿತ್ತು ಎಂದು ನನ್ನ ಕಡೆ ನೋಡಿಯೇ ಹೇಳಿದರು. ಓದಿದ ಹುಡುಗಿ ಅಂತೀರಿ ಎಂದೂ ಸೇರಿಸಿದರು. ಅಪ್ಪ ನನ್ನನ್ನು ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿರುತ್ತಿತ್ತು. ಅಜ್ಜಿಯ ಬಲಗೈ ತಿಂಗಳುಗಟ್ಟಲೆ ಮಾಯಲಿಲ್ಲ. ಮಾದ ಮೇಲೂ ಬೆರಳುಗಳು ಪೂರ್ತಿ ಮಡಚುತ್ತಿರಲಿಲ್ಲ. ಅವಳಿಗೆ ಅನ್ನ ಕಲಸಿ ತುತ್ತು ಕೊಡುವುದು ನನ್ನ ಪಾಲಿಗೆ ಬಂತು.

ಹಾಗೆ ತುತ್ತು ಕೊಡುತ್ತಿದ್ದ ಒಂದು ದಿನ ಅವಳು ಇದ್ದಕ್ಕಿದ್ದಂತೆ ಕೇಳಿದಳು. ಹಿತ್ತಲಲ್ಲಿ ನಾವಿಬ್ಬರೇ ಇದ್ದೆವು.

"ಅವತ್ತು ನೀ ನೋಡ್ದೋಳು ಗ್ವಾಡೆ ಕಡೀಕೆ ತಿರುಗಿದ್ಲಾ?"

ತುತ್ತು ನನ್ನ ಕೈಯಲ್ಲೇ ಉಳಿಯಿತು. ಆ ಹೆಂಗಸು ಗೋಡೆಯ ಕಡೆ ತಿರುಗಿದ್ದಳೆಂದು ನಾನು ಯಾರಿಗೂ ಹೇಳಿರಲಿಲ್ಲ.

ಆಗ ಅಜ್ಜಿ ತನ್ನ ಕಥೆ ಹೇಳಿದಳು. ಅಪ್ಪ ಹುಟ್ಟುವ ಮೊದಲು ಅವಳಿಗೆ ಒಂದು ಗಂಡುಮಗುವಾಗಿತ್ತು. ಕೊಡಿಗೇಹಳ್ಳಿಯ ಮನೆಯಲ್ಲಿ ಅಟ್ಟದ ಕೆಳಗಿನ ಕಿಟಕಿಯಿಲ್ಲದ ಮಣ್ಣಿನ ಕೋಣೆ. ಇಂಥದ್ದೇ ಚಳಿ. ಅವಳೇ ಚಳಿಯೆಂದು ಅತ್ತೆಯನ್ನು ಗೋಗರೆದು, ತಾತ ಸುಟ್ಟ ಜಾಲಿ ಇದ್ದಿಲನ್ನೇ ಮಡಕೆಯಲ್ಲಿ ತುಂಬಿಸಿ ಮಂಚದ ಕೆಳಗೆ ಇಡಿಸಿಕೊಂಡಳು.

"ಒಸಿ ವತ್ತಿಗೆ ಮೂಲೇಲಿ ಯಾರೋ ಕಾಲು ಚಾಚ್ಕೊಂಡು ಕೂತವ್ರೆ. ನಮ್ಮತ್ತೇನೇ ಬಂದು ಮಗೀನ ಎತ್ಕೊಂಡವ್ರೆ ಅಂದ್ಕಂಡೆ. ಅವ್ರತ್ರ ಐತಲ್ಲ ಬುಡು ಅಂತ ನೆಮ್ಮದಿಯಾಗಿ ಮಲಿಕ್ಕಂಡೆ ಕಣಮ್ಮಿ. ನೆಮ್ಮದಿಯಾಗಿ."

ಅವಳಿಗೆ ಎಚ್ಚರವಾಯಿತು. ಮಗುವಿಗೆ ಆಗಲಿಲ್ಲ.

ಅಜ್ಜಿ ನನ್ನ ಕಡೆ ಬಾಗಿದಳು. "ಅವಳ ಕಾಲ ಮ್ಯಾಲೆ ಮಗ ಇತ್ತಾ?"

ನಾನು ನೋಡಿದ್ದು ಒಂದು ಬೆನ್ನು. ತೂಗುವ ಬೆನ್ನು. ಅದರಾಚೆ ಏನಿತ್ತೆಂದು ಕಂಡಿತ್ತೇ? ಅವತ್ತಿನಿಂದ ಇವತ್ತಿನವರೆಗೆ ಅದೆಷ್ಟು ಸಲ ಆ ಮೂಲೆಗೆ ಮನಸ್ಸಿನಲ್ಲೇ ಹೋಗಿ ಇಣುಕಿದ್ದೇನೆ. ಒಂದೊಂದು ಸಲ ಪುಟ್ಟ ಪಾದ ಕಂಡ ಹಾಗಾಗುತ್ತದೆ, ಒಂದೊಂದು ಸಲ ಬರೀ ಸೆರಗು. ಆದರೆ ಅಜ್ಜಿಯ ಮುಖ ನನ್ನ ಮುಂದಿತ್ತು, ಮಡಚಲಾಗದ ಕೈ ಅವಳ ಮಡಿಲಲ್ಲಿತ್ತು.

"ಇತ್ತು," ಅಂದೆ.

ಅವಳು ತುತ್ತಿಗೆ ಬಾಯಿ ತೆರೆದಳು.

ನಾಲ್ಕೈದು ವರ್ಷ ಕಳೆಯಿತು. ನಾನು ಟೀಚರಾದೆ. ಅಪ್ಪ ಪಂಪು ಹೊಡೆಯುವ ಸೀಮೆಎಣ್ಣೆ ಸ್ಟೌ ತಂದ. ಅದು ಬುಸುಬುಸು ಎಂದು ಇಡೀ ಬೀದಿಗೆ ಕೇಳುವಂತೆ ಸದ್ದು ಮಾಡುತ್ತಿತ್ತು, ಆ ಸದ್ದಿಗೇ ಅಜ್ಜಿಗೆ ಅದು ಇಷ್ಟವಾಯಿತು. ಒಂದೊಂದಾಗಿ ಹಿತ್ತಲುಗಳಲ್ಲಿ ಬೀಸಣಿಗೆಯ ಸದ್ದು ನಿಂತಿತು. ಗಾಡಿಗಳೂ ಕಡಿಮೆಯಾದವು. ಇದ್ದಿಲು ಇಸ್ತ್ರಿ ಪೆಟ್ಟಿಗೆಗೆ ಮಾತ್ರ ಎಂಬಂತಾಯಿತು. ನಮ್ಮ ಅಗ್ಗಿಷ್ಟಿಕೆ ಹಿತ್ತಲ ಮೂಲೆಯಲ್ಲಿ ತುಕ್ಕು ಹಿಡಿಯುತ್ತಾ ಕೂತಿತು. ಎಸೆಯಲು ಯಾರಿಗೂ ಮನಸ್ಸು ಬರಲಿಲ್ಲ. ಅಕ್ಕನ ಮಗಳು ಬಂದಾಗಲೆಲ್ಲ ಅದರಲ್ಲಿ ಮಣ್ಣು ತುಂಬಿ ಅಡುಗೆ ಆಟ ಆಡುತ್ತಿದ್ದಳು. ನೋಡಿದಾಗಲೆಲ್ಲ ಏನಾದರೂ ನೆಪ ಹೇಳಿ ನಾನು ಅವಳನ್ನು ಅಲ್ಲಿಂದ ಎಬ್ಬಿಸುತ್ತಿದ್ದೆ.

ಒಂದು ಮಾರ್ಗಶಿರದಲ್ಲಿ ಅಜ್ಜಿ ಹಾಸಿಗೆ ಹಿಡಿದಳು. ಅವಳನ್ನು ಮಲಗಿಸಿದ್ದು ಅದೇ ಆರ್‌ಸಿಸಿ ಕೋಣೆಯಲ್ಲಿ. ಊಟ ಬಿಟ್ಟಳು, ಮಾತು ಕಡಿಮೆಯಾಯಿತು. ಒಂದು ಬೆಳಿಗ್ಗೆ ನನ್ನ ಸೆರಗು ಹಿಡಿದು ಹತ್ತಿರಕ್ಕೆ ಎಳೆದುಕೊಂಡಳು.

"ಅಗ್ಗಿಷ್ಟಿಕೆ ಅಚ್ಚಿ ಒಳೀಕೆ ತಗಂಬಾ. ನನ್ನ ಪಕ್ಕ ಮಡಗಿ ಬಾಗ್ಲು ಹಾಕ್ಕಂಡು ಓಗು."

ನನಗೆ ಸಿಟ್ಟು ಬಂತು. "ತಲೆ ಕೆಟ್ಟಿದ್ಯಾ ಅಜ್ಜಿ? ನಿನ್ನ ಕೈಯಾರೆ ಎತ್ತಿ ಎಸೆದದ್ದು ಮರೆತ್ಯಾ?"

"ಮರ್ತಿಲ್ಲ. ನೀನೇ ಯೋಳಿದ್ದಲ್ಲ, ಮಗ ಅವಳ್ತಾವ್ಲೇ ಐತೆ ಅಂತ. ಒಂದ್ಕಿತ ನೋಡ್ತೀನಿ ಬುಡು."

ಮೂರು ದಿನ ಅವಳದು ಅದೇ ಮಾತು. ಅಪ್ಪ ಅಮ್ಮನ ಮುಂದೆ ಬಾಯಿ ಬಿಡುತ್ತಿರಲಿಲ್ಲ, ನಾನೊಬ್ಬಳೇ ಸಿಕ್ಕಾಗ ಕೇಳುತ್ತಿದ್ದಳು. ನಾನು ಅಂದಿದ್ದ ಒಂದು ಮಾತನ್ನು ಇಷ್ಟು ವರ್ಷ ಅವಳು ಬೂದಿಯಡಿ ಕೆಂಡ ಕಾಪಾಡಿದ ಹಾಗೆ ಕಾಪಾಡಿಕೊಂಡಿದ್ದಳು. ಸುಳ್ಳೋ ನಿಜವೋ ನನಗೇ ಗೊತ್ತಿಲ್ಲದ ಮಾತು. ನಾಲ್ಕನೆಯ ಬೆಳಿಗ್ಗೆ ನನಗೆ ತಡೆಯಲಾಗಲಿಲ್ಲ. ಅಗ್ಗಿಷ್ಟಿಕೆಯ ಮಣ್ಣು ಕೆದಕಿ ತೆಗೆದು, ಇಸ್ತ್ರಿಯವನ ಹತ್ತಿರ ಒಂದಿಷ್ಟು ಇದ್ದಿಲು ತಂದು, ಹಿತ್ತಲಲ್ಲಿ ಹಚ್ಚಿದೆ. ಕೆಂಡವಾದ ಮೇಲೆ ಅಜ್ಜಿಯನ್ನು ಕಂಬಳಿಯಲ್ಲಿ ಸುತ್ತಿ, ಎತ್ತಿಕೊಂಡು ಹೊರಗೆ ಬಂದೆ. ಕೂಸಿನಷ್ಟೂ ತೂಕವಿರಲಿಲ್ಲ. ಗೋಡೆಗೆ ಒರಗಿಸಿ ಕೂರಿಸಿದೆ.

ಮಂಜು ಇನ್ನೂ ಪೂರ್ತಿ ಸರಿದಿರಲಿಲ್ಲ. ಅಜ್ಜಿ ಕೆಂಡಕ್ಕೆ ಎಡಗೈ ಕಾಯಿಸಿಕೊಳ್ಳುತ್ತಾ ಹಿತ್ತಲ ಆಚೆಯ ಮೂಲೆಯನ್ನೇ ನೋಡುತ್ತಿದ್ದಳು. ಅಲ್ಲಿ ಎರಡು ಗೋಡೆ ಸೇರುವ ಕಡೆ ಬಟ್ಟೆ ಒಗೆಯುವ ಕಲ್ಲಿತ್ತು, ಬೇರೇನೂ ಇರಲಿಲ್ಲ. ತುಂಬಾ ಹೊತ್ತು ನೋಡಿದಳು.

"ಬಯ್ಲಿಗೆ ಅವಳು ಬರಕಿಲ್ಲ," ಅಂದಳು ಕೊನೆಗೆ. ನನ್ನನ್ನು ದೂರುವ ಧ್ವನಿಯಲ್ಲ. ಅದನ್ನು ಕೇಳಿ ನನಗೆ ಅಳು ಬಂತು. ಒಳಗೆ ತಂದಿಡಲು ನನ್ನಿಂದ ಆಗುವುದಿಲ್ಲ ಎಂದು ಹೇಳಿದೆ. ಅವತ್ತು ನೋಡಿದ್ದು ಬರೀ ಬೆನ್ನು ಎಂದೂ ಹೇಳಿಬಿಡಬೇಕು ಎಂದು ಬಾಯಿ ತೆರೆದೆ. ಅಷ್ಟರಲ್ಲಿ ಅವಳೇ ಕೇಳಿದಳು.

"ಅಳ್ತಿತ್ತಾ ಮಗ?"

"ಇಲ್ಲ ಅಜ್ಜಿ. ಬೆಚ್ಚಗೆ ಮಲಗಿತ್ತು."

ಅವಳ ಭುಜ ಸಡಿಲವಾಯಿತು. ಕಂಬಳಿಯನ್ನು ಗದ್ದದವರೆಗೆ ಎಳೆದುಕೊಂಡು ಕಣ್ಣು ಮುಚ್ಚಿದಳು. ನಿದ್ದೆ ಹೋದಳು ಎಂದುಕೊಂಡೆ. ಆಮೇಲೆ ಕಣ್ಣು ತೆರೆಯದೆಯೇ ಹೇಳಿದಳು.

"ಎದ್ರೆ ಹಸ್ಕಂಡಿರ್ತದೆ. ಒಸಿ ಹಾಲು ಕಾಯ್ಸಿ ಮಡಗು."

ನಾನು ಕೆಂಡದ ಮೇಲೆ ಹಾಲು ಕಾಯಿಸಿದೆ. ಆರಿಸಿ, ಲೋಟಕ್ಕೆ ಬಗ್ಗಿಸಿ, ಆ ಮೂಲೆಯ ಒಗೆಯುವ ಕಲ್ಲಿನ ಮೇಲೆ ಇಟ್ಟು ಬಂದು ಅಜ್ಜಿಯ ಪಕ್ಕ ಕೂತೆ. ಆ ಕಡೆಗೆ ಬೆನ್ನು ಹಾಕಿ ಕೂರಲು ಮಾತ್ರ ನನಗೆ ಧೈರ್ಯ ಬರಲಿಲ್ಲ.